ತಾರೆಯ ಕೆನ್ನೆಯ ಮೇಲೆ ಜರಿಯ ಹನಿ



ಮಂತ್ರಾಲಯದ ರಾಘವೇಂದ್ರ ಸ್ವಾಮಿಗಳ, ಅಂದರೆ ರಾಯರ ಮುಖ ಹೇಗಿತ್ತು ಅಂತ ನಮ್ಮ ಆದವಾನಿ ಸೀಮೆಯ ಹಿರಿಯರನ್ನು ಕೇಳಿ ನೋಡಿ. ಎಷ್ಟೋ ಜನರ ಕಣ್ಣ ಮುಂದೆ ಬರುವುದು ರಾಜ್‌ಕುಮಾರ್ ಮುಖ. 1966ರಲ್ಲಿ ಅವರು ‘ಮಂತ್ರಾಲಯ ಮಹಾತ್ಮೆ’ಯಲ್ಲಿ ಕಾವಿ ಉಟ್ಟರು. 1985ರಲ್ಲಿ ರಜನಿಕಾಂತ್ ತಮ್ಮ ನೂರನೇ ಚಿತ್ರಕ್ಕೆ ತಮಿಳಿನಲ್ಲಿ ರಾಯರಾದರು. ತುಂಗಭದ್ರೆಯ ದಡದ ರಾಯರ ಬೃಂದಾವನಕ್ಕೆ ಕಣ್ಣುಮೂಗಿಲ್ಲ. ಅದಕ್ಕೊಂದು ಮುಖ ಕೊಟ್ಟದ್ದು ಬೆಳ್ಳಿತೆರೆ.

ತೆರೆಯ ಮುಖಕ್ಕೆ ಇಷ್ಟು ಬಲ ಎಲ್ಲಿಂದ ಬಂತು? ಈ ಪ್ರಶ್ನೆಯನ್ನು ಸೂಜಿದಾರ ಹಿಡಿದು ಕೆದಕುತ್ತಿರುವ ಕಲಾವಿದರೊಬ್ಬರು ಇಟಲಿಯಲ್ಲಿದ್ದಾರೆ. ಹೆಸರು ಫ್ರಾಂಚೆಸ್ಕೊ ವೆಜ್ಜೋಲಿ. ಹುಟ್ಟಿದ್ದು 1971ರಲ್ಲಿ, ಬ್ರೆಶಾ ಊರಲ್ಲಿ. ಕಲೆ ಕಲಿತದ್ದು ಲಂಡನ್ನಿನಲ್ಲಿ.

ಹೆಸರಾಂತ ನಟಿಯೊಬ್ಬಳ ಫೋಟೊವನ್ನು ಅವರು ಕ್ಯಾನ್ವಾಸ್ ಬಟ್ಟೆಯ ಮೇಲೆ ಅಚ್ಚು ಹಾಕಿಸುತ್ತಾರೆ. ಆಮೇಲೆ ಕಣ್ಣಂಚಿನಿಂದ ಕೆನ್ನೆಯವರೆಗೆ ಹೊಳೆಯುವ ಜರಿ ದಾರದಲ್ಲಿ ಕಣ್ಣೀರು ಹೊಲಿಯುತ್ತಾರೆ. ಸಿನಿಮಾದಲ್ಲಾದರೆ ಗ್ಲಿಸರಿನ್ ಸೋಕಿದರೆ ಸಾಕು, ಕಣ್ಣು ತುಂಬುತ್ತದೆ. ಇಲ್ಲಿ ಒಂದು ಹನಿ ಕೆನ್ನೆಗಿಳಿಯಬೇಕಾದರೂ ತಲೆ ತಗ್ಗಿಸಿ ಎಳೆ ಎಳೆಯಾಗಿ ಹೊಲಿಯಬೇಕು.

ವೆಜ್ಜೋಲಿ ಚಿತ್ರಗಳನ್ನೂ ತೆಗೆಯುತ್ತಾರೆ. 2005ರಲ್ಲಿ ವೆನಿಸ್ ಬಿನಾಲೆ ಕಲಾಮೇಳದಲ್ಲಿ ‘ಕಲಿಗುಲಾ’ ಎಂಬ ಹಳೆಯ ಸಿನಿಮಾದ ಹೊಸ ಆವೃತ್ತಿಗೆಂದು ಟ್ರೇಲರ್ ತೋರಿಸಿದರು. 1979ರ ಮೂಲ ಚಿತ್ರದಲ್ಲಿದ್ದ ಹೆಲೆನ್ ಮಿರೆನ್ ಇದರಲ್ಲೂ ಇದ್ದರು. ದೊಡ್ಡ ದೊಡ್ಡ ನಟರು, ಝಗಮಗಿಸುವ ಉಡುಪು, ಎಲ್ಲ ಇತ್ತು. ಸಿನಿಮಾ ಒಂದೇ ಇರಲಿಲ್ಲ! ತೆಗೆಯುವ ಯೋಚನೆಯೂ ಇರಲಿಲ್ಲ. ಡಂಗುರವೇ ಸರಕು.

2007ರಲ್ಲಿ ಅದೇ ವೆನಿಸ್ಸಿನಲ್ಲಿ ನಟಿ ಶರನ್ ಸ್ಟೋನ್ ಅವರನ್ನು ಅಮೆರಿಕದ ಅಧ್ಯಕ್ಷ ಪದವಿಗೆ ನಿಂತವರಂತೆ ತೋರಿಸುವ ಚುನಾವಣಾ ಜಾಹೀರಾತು ಮಾಡಿದರು. ಅಲ್ಲಿಯವರಿಗೆ ಅದು ವಿಡಂಬನೆ. ನಮಗೇನು ಹೊಸತು? ತೆರೆಯ ಮೇಲೆ ಕೃಷ್ಣನಾಗಿದ್ದ ಎನ್.ಟಿ. ರಾಮರಾವ್ 1983ರಲ್ಲಿ ಆಂಧ್ರಪ್ರದೇಶದ ಮುಖ್ಯಮಂತ್ರಿಯಾದದ್ದನ್ನು ಈ ಸೀಮೆ ಕಣ್ಣಾರೆ ಕಂಡಿದೆ.

ವೆಜ್ಜೋಲಿ ತಾರೆಯರನ್ನು ಹಂಗಿಸುತ್ತಿದ್ದಾರೆಯೇ? ನನಗೆ ಹಾಗನ್ನಿಸುವುದಿಲ್ಲ. ಹಂಗಿಸುವವನು ಅಷ್ಟು ಹೊತ್ತು ಕೂತು ಹೊಲಿಯಲಾರ. ಅದು ಅಭಿಮಾನಿಯ ಕೆಲಸ. ಆದರೆ ಕಣ್ಣು ತೆರೆದ ಅಭಿಮಾನಿಯದು.

ನಮ್ಮ ಉತ್ತರ ಕರ್ನಾಟಕದ ಕಸೂತಿಯಲ್ಲಿ ಗವಂತಿ ಹೊಲಿಗೆ ಅಂತ ಒಂದಿದೆ. ಗಂಟು ಹಾಕುವಂತಿಲ್ಲ. ಬಟ್ಟೆಯನ್ನು ಹೇಗೆ ತಿರುವಿದರೂ ಎರಡೂ ಮಗ್ಗುಲು ಒಂದೇ. ತಾರೆಯ ಬಾಳು ಹಾಗಲ್ಲ, ನಮಗೆ ಕಾಣುವುದು ಮುಂಬದಿ ಮಾತ್ರ. ಗಂಟುಗಳೆಲ್ಲ ಹಿಂದಿವೆ ಅನ್ನುವುದಕ್ಕೆ ಆ ಜರಿಯ ಹನಿಯೇ ಗುರುತು.