ಪರೀಕ್ಷೆ ಬರೆಯುವ ಹಕ್ಕು ಮತ್ತು ಶೇ. 40ರ ಲೆಕ್ಕ
(ವಿದ್ಯಾರ್ಥಿವೇತನ ವಿತರಣಾ ಸಮಾರಂಭದಲ್ಲಿ ನಿವೃತ್ತ ಶಿಕ್ಷಕರೊಬ್ಬರು ಮಾಡಿದ ಭಾಷಣ)



ಓದಿನ ನಂತರ ಏನು ಎಂದು ಕೇಳಿದರೆ ಬಹಳ ಮಕ್ಕಳು ಸರ್ಕಾರಿ ನೌಕರಿಯ ಪರೀಕ್ಷೆ ಎನ್ನುತ್ತಾರೆ. ಆ ಪರೀಕ್ಷೆಯ ಕೊಠಡಿಗೆ ಹೋಗಿ ಕೂರುವುದಕ್ಕೇ ಕೆಲವರು ಸುಪ್ರೀಂ ಕೋರ್ಟಿನವರೆಗೆ ಹೋಗಬೇಕಾಯಿತು. ಅದರಿಂದ ನಮ್ಮ ಮನೆಗಳಿಗೂ ಉಪಯೋಗವಿದೆ. ಹಾಗಾಗಿ ಇಂದು ಆ ಮಾತು.

ಎಂಬಿಬಿಎಸ್ ಓದಿದ ಒಬ್ಬ ಯುವಕರಿಗೆ ಬರೆಯುವಾಗ ಕೈ ಸೆಟೆದುಕೊಳ್ಳುವ ನರಸಂಬಂಧಿ ತೊಂದರೆಯಿತ್ತು. 2018ರ ಸಿವಿಲ್ ಸರ್ವೀಸಸ್ ಪರೀಕ್ಷೆಗೆ ಅವರು ಸ್ಕ್ರೈಬ್ ಕೇಳಿದರು. ಸ್ಕ್ರೈಬ್ ಎಂದರೆ ಅಭ್ಯರ್ಥಿ ಹೇಳಿದ ಉತ್ತರವನ್ನು ಹೇಳಿದಂತೆಯೇ ಬರೆಯುವವರು. ಅಂಧರಿಗೆ, ಶೇ. 40ಕ್ಕೆ ಕಡಿಮೆಯಿಲ್ಲದಷ್ಟು ಕೈ ಊನವಾದವರಿಗೆ ಮಾತ್ರ ಈ ಸೌಲಭ್ಯ ಎಂದು ಲೋಕಸೇವಾ ಆಯೋಗ ನಿರಾಕರಿಸಿತು. ಆಡಳಿತ ನ್ಯಾಯಮಂಡಳಿಯಲ್ಲೂ ದೆಹಲಿ ಹೈಕೋರ್ಟಿನಲ್ಲೂ ಅವರಿಗೆ ಜಯ ಸಿಗಲಿಲ್ಲ. ಕೊನೆಗೆ 2021ರ ಫೆಬ್ರವರಿ 11ರಂದು ಸುಪ್ರೀಂ ಕೋರ್ಟ್ ಅವರ ಪರವಾಗಿ ತೀರ್ಪು ಕೊಟ್ಟಿತು.

ತೀರ್ಪಿನ ತಿರುಳು ಸರಳ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯಲ್ಲಿ ಎರಡು ಬೇರೆ ಬೇರೆ ವ್ಯಾಖ್ಯೆಗಳಿವೆ. ಒಂದು, ಅಂಗವಿಕಲ ವ್ಯಕ್ತಿ. ಇನ್ನೊಂದು, ಶೇ. 40 ಅಥವಾ ಹೆಚ್ಚು ಅಂಗವಿಕಲತೆ ಇರುವ ವ್ಯಕ್ತಿ. ನೌಕರಿಯಲ್ಲಿ ಮೀಸಲಾತಿಗೆ ಎರಡನೆಯ ಲೆಕ್ಕ ಬೇಕು. ಬರೆಯಲಾಗದವರಿಗೆ ಬರೆಯುವ ನೆರವು ಕೊಡಲು ಆ ಲೆಕ್ಕ ಬೇಕಿಲ್ಲ. ದುರುಪಯೋಗವಾದೀತು ಎಂಬ ಭಯದಿಂದ ನಿಜವಾದ ಕಷ್ಟವಿರುವವರಿಗೆ ಬಾಗಿಲು ಮುಚ್ಚುವುದನ್ನೂ ನ್ಯಾಯಾಲಯ ಒಪ್ಪಲಿಲ್ಲ.

ಆ ಆದೇಶದಂತೆ ಕೇಂದ್ರ ಸರ್ಕಾರ 2022ರ ಆಗಸ್ಟ್ 10ರಂದು ಶೇ. 40ಕ್ಕಿಂತ ಕಡಿಮೆ ಅಂಗವಿಕಲತೆ ಇದ್ದು ಬರೆಯಲು ಕಷ್ಟಪಡುವವರಿಗೆ ಮಾರ್ಗಸೂಚಿ ಹೊರಡಿಸಿತು. ಸ್ಕ್ರೈಬ್ ಜೊತೆಗೆ ಗಂಟೆಗೆ 20 ನಿಮಿಷಕ್ಕೆ ಕಡಿಮೆಯಿಲ್ಲದಂತೆ ಹೆಚ್ಚುವರಿ ಸಮಯಕ್ಕೂ ಅವಕಾಶವಾಯಿತು. ಆದರೂ ಬ್ಯಾಂಕ್ ಪರೀಕ್ಷೆಯ ವಿಚಾರದಲ್ಲಿ ಇನ್ನೊಬ್ಬ ಅಭ್ಯರ್ಥಿ ಮತ್ತೆ ನ್ಯಾಯಾಲಯಕ್ಕೆ ಹೋಗಬೇಕಾಯಿತು. 2025ರ ಫೆಬ್ರವರಿ 3ರಂದು ಸುಪ್ರೀಂ ಕೋರ್ಟ್ ಈ ನಿಯಮ ಎಲ್ಲ ಕಡೆ ಒಂದೇ ರೀತಿ ಜಾರಿಯಾಗಬೇಕೆಂದಿತು. ಅದಾದ ಒಂದು ತಿಂಗಳಿಗೆ, ಮಾರ್ಚ್ 3ರಂದು, ದೃಷ್ಟಿದೋಷವುಳ್ಳವರನ್ನು ನ್ಯಾಯಾಧೀಶ ಹುದ್ದೆಯಿಂದ ದೂರವಿಟ್ಟಿದ್ದ ಮಧ್ಯಪ್ರದೇಶದ ನಿಯಮವನ್ನು ರದ್ದುಮಾಡಿತು. ಆ ಪ್ರಕರಣ ಶುರುವಾದದ್ದು ಒಬ್ಬ ತಾಯಿ ಬರೆದ ಪತ್ರದಿಂದ. ಇಲ್ಲಿರುವ ತಾಯಂದಿರು ಇದನ್ನು ನೆನಪಿಡಬೇಕು.

ಕೋರ್ಟಿನ ದಾರಿ ಉದ್ದ, ವಯಸ್ಸಿನ ಮಿತಿ ಮಾತ್ರ ಕಾಯುವುದಿಲ್ಲ. ಅದಕ್ಕೇ ಪೋಷಕರಲ್ಲಿ ನನ್ನ ವಿನಂತಿ. ಸಂಬಂಧ ಕೂಡಿಬರಲಿಕ್ಕಿಲ್ಲ, ನಾಲ್ಕು ಜನ ಏನಂದಾರು ಎಂದು ಮಗುವಿನ ತೊಂದರೆಯನ್ನು ಮುಚ್ಚಿಡಬೇಡಿ. ಮಗು ಬಾಯಲ್ಲಿ ಚೆನ್ನಾಗಿ ಉತ್ತರ ಹೇಳಿ, ಹಾಳೆಯಲ್ಲಿ ಬರೆಯಲಾಗದೆ ಒದ್ದಾಡುತ್ತಿದ್ದರೆ ಸೋಮಾರಿ ಎನ್ನುವ ಮೊದಲು ವೈದ್ಯರಿಗೆ ತೋರಿಸಿ. ಪ್ರಮಾಣಪತ್ರವನ್ನು ಸರ್ಕಾರಿ ಆಸ್ಪತ್ರೆಯ ವೈದ್ಯರಿಂದಲೇ, ನಿಗದಿತ ನಮೂನೆಯಲ್ಲೇ ಪಡೆಯಿರಿ. ಯುಡಿಐಡಿ ಕಾರ್ಡಿಗೆ ಗ್ರಾಮ ಪಂಚಾಯಿತಿಯ ಪುನರ್ವಸತಿ ಕಾರ್ಯಕರ್ತರನ್ನು ಕೇಳಿ. ಅಧಿಸೂಚನೆಯನ್ನು ಪೂರ್ತಿ ಓದಿ, ಸ್ಕ್ರೈಬ್ ಬೇಕೆಂಬುದನ್ನು ಅರ್ಜಿ ತುಂಬುವಾಗಲೇ ಗುರುತು ಮಾಡಿ. ನಿರಾಕರಿಸಿದರೆ ಅದನ್ನು ಬರಹದಲ್ಲಿ ಕೇಳಿ ಪಡೆಯಿರಿ. ಬಾಯಿಮಾತಿಗೆ ಮೇಲ್ಮನವಿ ಹಾಕಲಾಗದು.

ದಾನಿಗಳಲ್ಲೂ ಒಂದು ಮಾತು. ಫೀಸು, ಪುಸ್ತಕಕ್ಕೆ ತಾವು ಕೊಡುತ್ತೀರಿ, ಅದು ದೊಡ್ಡದು. ಜಿಲ್ಲಾ ಆಸ್ಪತ್ರೆಗೆ ನಾಲ್ಕು ಸಲ ಓಡಾಡುವ ಬಸ್ ಚಾರ್ಜು, ಆ ದಿನ ತಪ್ಪುವ ಕೂಲಿ, ಇವು ಯಾವ ರಸೀದಿಯಲ್ಲೂ ಕಾಣುವುದಿಲ್ಲ. ಬಹಳ ಮಕ್ಕಳ ದಾರಿ ನಿಲ್ಲುವುದು ಅಲ್ಲೇ. ಅದಕ್ಕೂ ಒಂದಿಷ್ಟು ತೆಗೆದಿಡೋಣ. ಕಾಲೇಜು ಓದುವ ನಮ್ಮ ಮಕ್ಕಳು ಸ್ಕ್ರೈಬ್ ಆಗಲು ಹೆಸರು ಕೊಡಲಿ. ಸ್ವಂತ ಸ್ಕ್ರೈಬ್ ಕರೆತರುವ ಕಡೆ ಅವರ ಓದು ಅಭ್ಯರ್ಥಿಗಿಂತ ಕಡಿಮೆ ಇರಬೇಕೆಂಬ ನಿಯಮವಿರುತ್ತದೆ. ಹಾಗಾಗಿ ಪಿಯುಸಿ ಮಕ್ಕಳೂ ಬೇಕು. ಊರಿನ ವಕೀಲರು ತಿಂಗಳಿಗೊಂದು ಸಂಜೆ ಅರ್ಜಿಗಳನ್ನು ನೋಡಿಕೊಟ್ಟರೆ ಎಷ್ಟೋ ಮಕ್ಕಳು ಕೋರ್ಟಿನ ಮೆಟ್ಟಿಲು ಹತ್ತುವುದು ತಪ್ಪುತ್ತದೆ.

ಪರೀಕ್ಷೆ ಕಷ್ಟವಿರಲಿ, ಬೇಡವೆನ್ನುವುದಿಲ್ಲ. ಪ್ರಶ್ನೆಪತ್ರಿಕೆ ಎಲ್ಲರಿಗೂ ಒಂದೇ ಇರಲಿ. ಅದರ ಮುಂದೆ ಕೂರುವ ಅವಕಾಶವೂ ಎಲ್ಲರಿಗೂ ಇರಲಿ.