ಕರಾರುಪತ್ರದಲ್ಲಿ ಇಲ್ಲದ ಹೆಸರು
(ವಿದ್ಯಾರ್ಥಿನಿಲಯದ ಸಭೆಯೊಂದರಲ್ಲಿ ಆಡಿದ ಮಾತು)



ಕವಿ ಬಂದವ್ನೆ, ಪದ್ಯ ಓದ್ತಾನೆ ಅಂತ ಕೂತಿದ್ದೀರಿ. ನಾನು ಟೆಂಡರಿನ ಬಗ್ಗೆ ಮಾತಾಡ್ತೀನಿ. ನಗಬೇಡಿ. ನಮ್ಮ ಕೇರಿಯ ಅರ್ಧ ಜನ ಅನ್ನ ತಿನ್ನೋದು, ಉಪವಾಸ ಬೀಳೋದು ಈ ಟೆಂಡರಿನ ಮೇಲೇ.

ರಸ್ತೆ, ಚರಂಡಿ, ಶಾಲೆ ಕಟ್ಟಡ ಯಾವುದೇ ಆಗಲಿ, ಕರಾರುಪತ್ರದಲ್ಲಿ ಎರಡೇ ಸಹಿ. ಒಂದು ಇಲಾಖೆಯದು, ಇನ್ನೊಂದು ಕಂಟ್ರಾಕ್ಟರನದು. ಕಲ್ಲು ಹೊತ್ತವಳ ಹೆಬ್ಬೆಟ್ಟು ಅಲ್ಲಿಲ್ಲ. ಆ ಇಬ್ಬರಿಗೂ ಜಗಳ ಬಂದರೆ ಕೋರ್ಟಿದೆ. ಮುಂಬಯಿ ವಿಮಾನ ನಿಲ್ದಾಣದ ಹೋಟೆಲಿನ ಟೆಂಡರು ಸುಪ್ರೀಂ ಕೋರ್ಟಿಗೆ ಹೋಗಿತ್ತು. ರಮಣ ದಯಾರಾಂ ಶೆಟ್ಟಿ ಮೊಕದ್ದಮೆ, 1979. ಸರ್ಕಾರ ತಾನೇ ಹಾಕಿದ ಷರತ್ತನ್ನು ತಾನೇ ಮುರಿದು ಬೇಕಾದವರಿಗೆ ಗುತ್ತಿಗೆ ಕೊಡುವಂತಿಲ್ಲ, ಅದು ಸಮಾನತೆಗೆ ವಿರುದ್ಧ ಅಂತ ಕೋರ್ಟು ಹೇಳಿತು. ಆದರೆ ಅರ್ಜಿದಾರ ತಡವಾಗಿ ಬಂದ ಅಂತ ಅವನಿಗೆ ಏನೂ ಸಿಗಲಿಲ್ಲ. ತತ್ವ ಗೆದ್ದಿತು, ಅರ್ಜಿ ಸೋತಿತು! 1994ರ ಟಾಟಾ ಸೆಲ್ಯುಲರ್ ತೀರ್ಪು ಒಂದು ಗೆರೆ ಎಳೆಯಿತು: ತೀರ್ಮಾನ ಹೇಗೆ ಮಾಡಿದರು ಅನ್ನೋದನ್ನು ನೋಡ್ತೀವಿ, ಟೆಂಡರು ಯಾರಿಗೆ ಕೊಡಬೇಕಿತ್ತು ಅಂತ ಮೇಲ್ಮನವಿಯ ಹಾಗೆ ಕೂತು ಹೇಳೋದಿಲ್ಲ.

ಇನ್ನೊಂದು ಮಾತು. ಕಪ್ಪುಪಟ್ಟಿಗೆ ಹಾಕೋ ಮುಂಚೆ ಆ ಮನುಷ್ಯನ ಮಾತು ಕೇಳಬೇಕು ಅಂತ 1975ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ. ಸರಿಯಾದ ಮಾತೇ. ಆದರೆ ಹಾಜರಿ ಪುಸ್ತಕದಿಂದ ನಮ್ಮವ್ವನ ಹೆಸರು ಹೊಡೆದು ಹಾಕುವಾಗ ಅವಳ ಮಾತು ಕೇಳಿದವರು ಯಾರು?

ಇಲ್ಲೇ 1982ರ ಏಷ್ಯಾಡ್ ಮೊಕದ್ದಮೆ ನಮಗೆ ಬೇಕಾಗೋದು. ದೆಹಲಿಯಲ್ಲಿ ಏಷ್ಯನ್ ಕ್ರೀಡಾಕೂಟಕ್ಕೆ ಕ್ರೀಡಾಂಗಣ, ಮೇಲ್ಸೇತುವೆ ಏಳ್ತಾ ಇದ್ದವು. ಕೆಲಸ ಮಾಡಿಸುತ್ತಿದ್ದದ್ದು ದೆಹಲಿ ಅಭಿವೃದ್ಧಿ ಪ್ರಾಧಿಕಾರದಂಥ ಸರ್ಕಾರಿ ಸಂಸ್ಥೆಗಳು, ನಡುವೆ ಕಂಟ್ರಾಕ್ಟರುಗಳು, ಅವರ ಕೆಳಗೆ ಜಮಾದಾರರು. ರಾಜಸ್ಥಾನ, ಉತ್ತರ ಪ್ರದೇಶ, ಒರಿಸ್ಸಾದಿಂದ ತಂದ ಕೂಲಿಗಳು. ಕನಿಷ್ಠ ಕೂಲಿ ದಿನಕ್ಕೆ 9 ರೂಪಾಯಿ 25 ಪೈಸೆ. ಜಮಾದಾರ ತಲೆಗೊಂದು ರೂಪಾಯಿ ಮುರಿದುಕೊಂಡು ಮಿಕ್ಕದ್ದು ಕೊಡ್ತಿದ್ದ. ಮಾನವ ಹಕ್ಕುಗಳ ಸಂಘಟನೆಯೊಂದು ನ್ಯಾಯಮೂರ್ತಿ ಭಗವತಿಯವರಿಗೆ ಕಾಗದ ಬರೆಯಿತು. ಆ ಕಾಗದವೇ ರಿಟ್ ಅರ್ಜಿ ಆಯಿತು.

ಸರ್ಕಾರದವರು ಏನಂದರು ಗೊತ್ತಾ? ಇವರು ನಮ್ಮ ಕೂಲಿಗಳಲ್ಲ, ಕಂಟ್ರಾಕ್ಟರನ ಕೂಲಿಗಳು, ಅವನನ್ನೇ ಕೇಳಿ. ನಮ್ಮೂರಿನ ಇಂಜಿನಿಯರ್ ಹೇಳೋದೂ ಇದೇ ಪದ! ಕೋರ್ಟು ಒಪ್ಪಲಿಲ್ಲ. ಕೆಲಸ ಮಾಡಿಸಿದ ಸರ್ಕಾರ ಕಂಟ್ರಾಕ್ಟರನ ಬೆನ್ನ ಹಿಂದೆ ಅವಿತುಕೊಳ್ಳುವಂತಿಲ್ಲ. ಕನಿಷ್ಠ ಕೂಲಿಗಿಂತ ಕಡಿಮೆಗೆ ದುಡಿಸಿದರೆ ಅದು ಸಂವಿಧಾನದ 23ನೇ ವಿಧಿ ನಿಷೇಧಿಸಿದ ಬಲವಂತದ ದುಡಿಮೆ. ಬಲವಂತ ಅಂದರೆ ಬಾರುಕೋಲೇ ಬೇಕಿಲ್ಲ, ಹಸಿವೂ ಬಲವಂತವೇ. ಬಿಟ್ಟಿ ಚಾಕರಿ ಅಂದರೇನು ಅಂತ ನಮಗೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಅದನ್ನ ಕೋರ್ಟಿನ ಬಾಯಲ್ಲಿ ಕೇಳೋದು ಬೇರೆ.

ಕಂಟ್ರಾಕ್ಟರ್ ಕೂಲಿ ಕೊಡದಿದ್ದರೆ ಕೆಲಸ ಮಾಡಿಸಿದವರೇ ಕೊಟ್ಟು, ಆಮೇಲೆ ಅವನಿಂದ ವಸೂಲು ಮಾಡಿಕೊಳ್ಳಬೇಕು ಅಂತ 1970ರ ಗುತ್ತಿಗೆ ಕಾರ್ಮಿಕ ಕಾಯ್ದೆಯಲ್ಲಿತ್ತು. 2025ರ ನವೆಂಬರ್ 21ರಿಂದ ಅದರ ಜಾಗಕ್ಕೆ ಹೊಸ ಸಂಹಿತೆ ಬಂದಿದೆ. ಆ ಹೊಣೆ ಉಳಿದಿದೆ, ಆದರೆ 20 ಕೂಲಿಗಳಿದ್ದರೆ ಸಾಕು ಅಂತಿದ್ದದ್ದು 50 ಆಗಿದೆ. 48 ಜನರ ಹೆಸರು ಬರೆದು ಕೂತರೆ ಮುಗೀತು, ನೋಡಿ ಚಾಲಾಕಿ. ಆದರೆ 23ನೇ ವಿಧಿಗೆ ತಲೆ ಎಣಿಕೆ ಇಲ್ಲ. "ಬಿಲ್ ಆಗಿಲ್ಲ, ಕೇಸು ನಡೀತಿದೆ, ಕೂಲಿ ಆಮೇಲೆ" ಅಂದರೆ ಒಪ್ಪಬೇಡಿ. ಅದು ಅವರಿಬ್ಬರ ಜಗಳ.

ಕರ್ನಾಟಕದಲ್ಲಿ ಸಣ್ಣ ಕಾಮಗಾರಿಗಳಲ್ಲಿ ಪರಿಶಿಷ್ಟರಿಗೆ ಶೇಕಡ 24.10 ಮೀಸಲಾಗಿದೆ. ಮೊದಲು 50 ಲಕ್ಷದವರೆಗೆ ಇತ್ತು, 2023ರಲ್ಲಿ 1 ಕೋಟಿಗೆ ಏರಿತು. ಅದು ಬೇಕೇ ಬೇಕು. ಆದರೆ ಹೆಸರು ನಮ್ಮ ಹುಡುಗನದು, ದುಡ್ಡು ಬೇರೆಯವನದು ಆಗದಂತೆ ನೋಡಬೇಕು. ಮತ್ತೆ, ನಮ್ಮ ಹುಡುಗನೇ ಕಂಟ್ರಾಕ್ಟರ್ ಆದಾಗಲೂ ಕೂಲಿ ಲೆಕ್ಕ ಕೇಳಬೇಕು. ಇದು ಕೆಲವರಿಗೆ ಹಿಡಿಸಲ್ಲ, ಗೊತ್ತು.

ರಜೆಗೆ ಊರಿಗೆ ಹೋದಾಗ ಕಾಮಗಾರಿ ಬೋರ್ಡನ್ನು ಓದಿ. ಇಲಾಖೆ, ಕಂಟ್ರಾಕ್ಟರ್, ಮೊತ್ತ ಬರೆದುಕೊಳ್ಳಿ. ಅದರ ಕೆಳಗೆ ಕೂಲಿ ಬಾಕಿ ಇರುವವರ ಹೆಸರು, ದುಡಿದ ದಿನ, ಬರಬೇಕಾದ ದುಡ್ಡು ಬರೆದು ಹೆಬ್ಬೆಟ್ಟು ಹಾಕಿಸಿ. ಒಂದು ಪ್ರತಿ ಇಂಜಿನಿಯರ್ ಕಚೇರಿಗೆ, ಇನ್ನೊಂದು ಕಾರ್ಮಿಕ ಅಧಿಕಾರಿಗೆ. ನಿಮ್ಮ ಪ್ರತಿಯ ಮೇಲೆ ಮೊಹರು ಬೀಳದೆ ಅಲ್ಲಿಂದ ಏಳಬೇಡಿ.