ರಾಯಚೂರಿಗೊಂದು ರೇಟಿಂಗ್ ಟೂರ್ನಿ

ನನ್ನನ್ನು ಈ ಚೆಸ್ ಸಮ್ಮೇಳನದ ಅಧ್ಯಕ್ಷನನ್ನಾಗಿ ಆರಿಸಿದ್ದಕ್ಕೆ ಕೃತಜ್ಞ. ಹಿಂದಿನ ಅಧ್ಯಕ್ಷರು ತಮ್ಮ ಕಾಲದಲ್ಲಿ ತಮ್ಮಿಂದಾದದ್ದನ್ನು ಮಾಡಿದ್ದಾರೆ, ಅವರಿಗೂ ವಂದನೆ. ಹಾರ ತುರಾಯಿಗೆ ಈಗಾಗಲೇ ಸಾಕಷ್ಟು ಹೊತ್ತು ಹೋಗಿದೆ, ವಿಷಯಕ್ಕೆ ಬರುತ್ತೇನೆ.

ಸ್ವಾಗತ ಭಾಷಣದಲ್ಲಿ ಕೃಷ್ಣದೇವರಾಯನ ಹೆಸರು ಬಂತು. 1520ರಲ್ಲಿ ಆತ ಗೆದ್ದ ಕೋಟೆ ಇಲ್ಲೇ ಇದೆ. ಆತನೊಂದಿಗೆ ಚದುರಂಗ ಆಡುತ್ತಿದ್ದ ಬೊಡ್ಡುಚರ್ಲ ತಿಮ್ಮಣ್ಣನಿಗೆ ಒಂದು ಊರೇ ದತ್ತಿಯಾಗಿ ಸಿಕ್ಕಿತೆಂಬ ಕಥೆಯೂ ಇದೆ. ಸಂತೋಷ. ಆದರೆ ಐನೂರು ವರ್ಷದ ಹಿಂದಿನ ಕಥೆಯಿಂದ ಇವತ್ತಿನ ಹುಡುಗರಿಗೆ ರೇಟಿಂಗ್ ಬರುವುದಿಲ್ಲ.

2024ರ ಡಿಸೆಂಬರಿನಲ್ಲಿ ಗುಕೇಶ್ ಸಿಂಗಪುರದಲ್ಲಿ ಡಿಂಗ್ ಲಿರೆನ್ ಅವರನ್ನು ಸೋಲಿಸಿ 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದಾಗಿನಿಂದ ನಮ್ಮ ಪಾಲಕರೆಲ್ಲ 'ನಮ್ಮ ಹುಡುಗ ಯಾವಾಗ ಆಗ್ತಾನ್ರಿ?' ಅಂತ ಕೇಳುತ್ತಾರೆ. ನಾನು ಅವರಿಗೆ ಗುಕೇಶನ ಕಥೆ ಹೇಳುವುದಿಲ್ಲ, ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಕಥೆ ಹೇಳುತ್ತೇನೆ. ಚೆನ್ನೈನ ವಿಶ್ವನಾಥನ್ ಆನಂದ್ 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಪಕ್ಕದಲ್ಲೇ ಇರುವ ಕರ್ನಾಟಕಕ್ಕೆ ಮೊದಲ ಗ್ರ್ಯಾಂಡ್‌ಮಾಸ್ಟರ್ ಸಿಕ್ಕಿದ್ದು 2017ರಲ್ಲಿ, ಇದೇ ತೇಜ್‌ಕುಮಾರ್. ಆ ಹೊತ್ತಿಗೆ ಅವರು ಮೂವತ್ತು ದಾಟಿದ್ದರು, ರೈಲ್ವೆಯಲ್ಲಿ ನೌಕರಿ ಮಾಡುತ್ತಿದ್ದರು. ಆಮೇಲೆ ಶಿವಮೊಗ್ಗದ ಸ್ಟ್ಯಾನಿ, ಮೈಸೂರಿನವರೇ ಆದ ಗಿರೀಶ್ ಕೌಶಿಕ್, ಬೆಂಗಳೂರಿನ ಪ್ರಣವ್ ಆನಂದ್ ಬಂದರು. ಈ ನಾಲ್ವರ ಊರುಗಳನ್ನು ನಕಾಶೆಯಲ್ಲಿ ನೋಡಿ. ತುಂಗಭದ್ರೆಯ ಈಚೆ ದಡದವರು ಒಬ್ಬರೂ ಇಲ್ಲ.

ನಮ್ಮ ಮಕ್ಕಳಿಗೆ ಬುದ್ಧಿ ಕಡಿಮೆಯೇ? ಅಲ್ಲ. ಗ್ರ್ಯಾಂಡ್‌ಮಾಸ್ಟರ್ ಬಿರುದಿನ ಲೆಕ್ಕ ಹೇಗಿದೆ ಅಂದರೆ, 2500 ರೇಟಿಂಗ್ ಮುಟ್ಟಬೇಕು, ಜೊತೆಗೆ ಮೂರು ನಾರ್ಮ್ ಬೇಕು. ನಾರ್ಮ್ ಸಿಗಬೇಕಾದರೆ ಸಾಮಾನ್ಯವಾಗಿ ಒಂಬತ್ತು ಸುತ್ತಿನ ಟೂರ್ನಿಯಲ್ಲಿ 2600 ಮಟ್ಟದ ಆಟ ಆಡಬೇಕು, ಎದುರಾಳಿಗಳಲ್ಲಿ ಗ್ರ್ಯಾಂಡ್‌ಮಾಸ್ಟರ್‌ಗಳೂ ಹೊರದೇಶದವರೂ ಇರಬೇಕು. ಅದಕ್ಕೇ ಪ್ರಣವ್ ಕೊನೆಯ ನಾರ್ಮ್‌ಗೆ ಸ್ವಿಟ್ಜರ್ಲೆಂಡಿನ ಬೀಲ್‌ಗೆ ಹೋಗಿದ್ದು, 2022ರಲ್ಲಿ ರೇಟಿಂಗ್ ದಾಟಿದ್ದು ರುಮೇನಿಯಾದಲ್ಲಿ. ಅದು ದೂರದ ಮಾತು, ಬಿಡಿ. ಮೊದಲ ರೇಟಿಂಗ್ ಪಡೆಯಲು, ಬರೀ 1400ರ ಮೆಟ್ಟಿಲು ಹತ್ತಲು, ರೇಟಿಂಗ್ ಇರುವವರ ಜೊತೆ ಕನಿಷ್ಠ ಐದು ಆಟ ಆಡಬೇಕು. ಆ ಐದು ಆಟಕ್ಕೂ ನಮ್ಮ ಮಗು ಬೆಂಗಳೂರಿಗೋ ಹೈದರಾಬಾದಿಗೋ ಹೋಗಬೇಕು.

ದೇವದುರ್ಗದಿಂದ ಹೊರಟರೆ ರಾಯಚೂರಿಗೆ ಬಸ್ಸು, ಅಲ್ಲಿಂದ ರಾತ್ರಿ ರೈಲು, ಎಂಟ್ರಿ ಫೀ, ನಾಲ್ಕೈದು ದಿನದ ಲಾಡ್ಜು, ಜೊತೆಗೆ ಹೋದ ಅಪ್ಪನ ಕೂಲಿ ಖೋತಾ. ಅದು ಹತ್ತಿ ಬಿಡಿಸುವ ಕಾಲವಾದರೆ ಅಪ್ಪ ಬರುವುದೇ ಇಲ್ಲ. ಹೀಗೆ ಹೋದ ಒಬ್ಬ ಹುಡುಗಿಯ ಆಟವನ್ನು ನಾನು ಹಗ್ಗದ ಆಚೆ ನಿಂತು ನೋಡಿದೆ. ಒಂದು ಆನೆ ಪೂರ್ತಿ ಹೆಚ್ಚಿತ್ತು. ಕುದುರೆ ನಡೆಸಿದಳು, ಹಾಳೆಯಲ್ಲಿ ನೀಟಾಗಿ ಬರೆದಳು, ಕೈ ಕಟ್ಟಿ ಕುಳಿತಳು. ಗಡಿಯಾರ ಒತ್ತಿರಲಿಲ್ಲ. ಎದುರಿನ ಹುಡುಗ ಅದನ್ನು ನೋಡಿಯೂ ಸುಮ್ಮನಿದ್ದ, ನಿಯಮದ ಪ್ರಕಾರ ಅದು ತಪ್ಪೂ ಅಲ್ಲ. ಇವಳ ಸಮಯ ಸೋರಿ ಸೊನ್ನೆಯಾಯಿತು. ಮೊಬೈಲಿನಲ್ಲಿ ಆಡಿ ಕಲಿತವಳು, ಅಲ್ಲಿ ಗಡಿಯಾರ ತಾನೇ ತಿರುಗುತ್ತದೆ. ಕೈಯಿಂದ ಒತ್ತುವ ಗಡಿಯಾರವನ್ನು ಅವಳು ಮುಟ್ಟಿದ್ದೇ ಆವತ್ತು. ಆನಂದ್‌ಗೆ ಬಾಲ್ಯದಲ್ಲಿ ಚೆನ್ನೈನ ಟಾಲ್ ಚೆಸ್ ಕ್ಲಬ್ ಇತ್ತು, ಹೋದರೆ ಎದುರು ಕೂರಲು ಗಟ್ಟಿ ಆಟಗಾರರಿದ್ದರು. ನಮ್ಮಲ್ಲಿ ಏನಿದೆ?

ಇಲ್ಲಿ ಹಳೆಯ ಜಗಳ ಎತ್ತಲೇಬೇಕು. ಗಡಿಯಾರ ಕೊಳ್ಳೋಣ ಅಂತ ನಾನು ಅಂದಾಗ, ಇದ್ದ ದುಡ್ಡಿನಲ್ಲಿ ಆಳೆತ್ತರದ ಕಪ್ಪು ತರಿಸಿ ಗಣ್ಯರ ಕೈಯಲ್ಲಿ ಕೊಡಿಸಿ ಫೋಟೊ ಹೊಡೆಸಿದರು. ಆ ಫೋಟೊದಲ್ಲಿ ಇದ್ದವರು ಕೆಲವರು ಇಲ್ಲೇ ಕುಳಿತಿದ್ದೀರಿ, ಬೇಜಾರಾದರೆ ಆಗಲಿ. ಜಾಗ ಕೇಳಲು ಹೋದಾಗ ಒಬ್ಬ ಅಧಿಕಾರಿ 'ಕುಂತು ಆಡೋ ಆಟಕ್ಕ ಹಾಲ್ ಯಾಕ ಬೇಕ್ರಿ?' ಅಂದರು. ಕುಂತು ಆಡುವುದಕ್ಕೇ ಹಾಲ್ ಬೇಕು, ಸ್ವಾಮಿ. ನಮ್ಮ ಬಿಸಿಲಲ್ಲಿ ನಿಂತೂ ಆಡಲಾಗುವುದಿಲ್ಲ.

ಈಗ ಆಗಬೇಕಾದದ್ದು. ಪ್ರತಿ ವರ್ಷ ಡಿಸೆಂಬರ್-ಜನವರಿಯಲ್ಲಿ ರಾಯಚೂರಿನಲ್ಲಿ ಒಂಬತ್ತು ಸುತ್ತಿನ ಒಂದು ರೇಟಿಂಗ್ ಓಪನ್ ನಡೆಯಲಿ. ನಮ್ಮ ಮಕ್ಕಳಿಗೆ ಎಂಟ್ರಿ ಫೀ ಮಾಫಿ. ಐವತ್ತು ಡಿಜಿಟಲ್ ಗಡಿಯಾರ ಕೊಂಡು, ಟೂರ್ನಿ ಇಲ್ಲದಾಗ ತಾಲ್ಲೂಕುಗಳಿಗೆ ಸರದಿಯಲ್ಲಿ ಕಳಿಸೋಣ. ಒಂದೇ ಕಪಾಟಿನಲ್ಲಿ ಬೀಗ ಹಾಕಿ ಇಡುವುದು ಬೇಡ. ದೇವದುರ್ಗ, ಮಾನ್ವಿಯಿಂದ ಇಬ್ಬಿಬ್ಬರು ಶಿಕ್ಷಕರು ಆರ್ಬಿಟರ್ ಪರೀಕ್ಷೆ ಬರೆಯಲಿ, ಫೀ ನಾವು ಕಟ್ಟುತ್ತೇವೆ. ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿಗೆ ಅರ್ಜಿ ಹಾಕೋಣ. ನಮ್ಮ ಭಾಗಕ್ಕೆ ವಿಶೇಷ ಸವಲತ್ತು ಕೊಡುವ ಸಂವಿಧಾನದ 371(ಜೆ) ವಿಧಿ ಬರೀ ನೌಕರಿಗೆ ಸೀಮಿತವಾಗಬೇಕಿಲ್ಲ. ಇನ್ನೊಂದು ಆಸೆಯೂ ಇದೆ. ವಸತಿ ಸಮೇತ ಒಂದು ಚೆಸ್ ಶಾಲೆ, ಅಲ್ಲಿ ಸರ್ಕಾರಿ ಪಗಾರದ ಮೇಲೆ ಒಬ್ಬ ಗ್ರ್ಯಾಂಡ್‌ಮಾಸ್ಟರ್, ವಿದೇಶಿ ಆಟಗಾರರನ್ನು ಕರೆಸಿ ಇಲ್ಲೇ ನಾರ್ಮ್ ಟೂರ್ನಿ. ಏಮ್ಸ್ ಕೇಳಿ ವರ್ಷಗಟ್ಟಲೆ ಧರಣಿ ಕೂತ ಊರು ಇದು. ಕೇಳುವುದಕ್ಕೆ ನಮಗೇನೂ ನಾಚಿಕೆಯಿಲ್ಲ.

ಗಡಿಯಾರದ ಠರಾವು ಊಟದ ನಂತರ ಮಂಡನೆಯಾಗುತ್ತದೆ. ವಿರೋಧ ಇದ್ದವರು ಅಲ್ಲೇ ಎದ್ದು ನಿಂತು ಹೇಳಿ, ಮನೆಗೆ ಹೋಗಿ ವಾಟ್ಸಾಪ್ ಗುಂಪಿನಲ್ಲಿ ಬರೆಯಬೇಡಿ. ಮಾನ್ವಿಯ ಕೊನೆಯ ಬಸ್ಸಿನವರು ಮೊದಲು ಕೈ ಎತ್ತಲಿ, ಅವರ ಮತ ಮೊದಲು ಎಣಿಸೋಣ.